ಬಿಚ್ಚದೆ ಉಳಿದ ಅಂಚು

ನಮ್ಮೂರಿನಲ್ಲಿ ಹೊಲಿಗೆ ಕಲಿಯಲು ಬಂದವರಿಗೆ ಮೊದಲು ಹೇಳಿಕೊಡುವುದು ಕತ್ತರಿ ಹಿಡಿಯುವುದನ್ನಲ್ಲ, ಅಂಚು ಮಡಿಚುವುದನ್ನು. ಪ್ಯಾಂಟೋ ಲಂಗವೋ ಉದ್ದವಾಯಿತೆಂದು ಯಾರಾದರೂ ತಂದರೆ ಒಳಕ್ಕೆ ಮಡಿಚಿ, ಎಳೆದರೆ ಬಿಚ್ಚಿಕೊಳ್ಳುವ ಹಾಗೆ ದೂರದೂರ ಹೊಲಿಗೆ ಹಾಕಿ ಕೊಡಬೇಕು. ಅಪ್ಪಿತಪ್ಪಿ ಕತ್ತರಿಸಿದರೆ ಅವರ ಬಾಯಿಂದ ಬರುವ ಮಾತು ಕೇಳುವ ಹಾಗಿರುವುದಿಲ್ಲ. ಬಾಸ್ಕೆಟ್‌ಬಾಲ್ ಲೀಗ್ ಶುರುವಾದಾಗ ಕುಗ್ಗುವ ಜನ, ಲೀಗ್ ಮುಗಿದು ನಮ್ಮ ತಂಡ ಸೋತ ಮೇಲೆ ಮತ್ತೆ ತಮ್ಮ ತಮ್ಮ ಎತ್ತರಕ್ಕೆ ಬರುತ್ತಾರೆ. ಆಗ ಅದೇ ಅಂಚನ್ನು ಬಿಚ್ಚಿಕೊಡಬೇಕು. ದೇವೀರಮ್ಮನ ಅಂಗಡಿ ಎಂದರೆ ನನ್ನ ಅಂಗಡಿ, ಅದು ಇಷ್ಟು ಕಾಲ ನಡೆದದ್ದು ಈ ಮಡಿಚುವುದು ಬಿಚ್ಚುವುದರಲ್ಲೇ.

ತಂಡದ ಆಟಗಾರರಿಗೆ ನಮ್ಮ ಎತ್ತರ ಕೊಡುವುದೆಂದರೆ ದೊಡ್ಡ ವಿಧಿಯೇನಲ್ಲ. ಪಂದ್ಯದ ಹಿಂದಿನ ದಿನ ಬೆಳಿಗ್ಗೆ ಕ್ಲಬ್ಬಿನ ಮುಂದೆ ಸಾಲು ನಿಲ್ಲಬೇಕು. ಅಳತೆಯ ತೊರೆಯಪ್ಪ ಬಂದು, ರಾಗಿ ಅಳೆಯುವವರು ಸೇರಿನ ಬಾಯಿ ಸವರುತ್ತಾರಲ್ಲ ಹಾಗೆ, ನೆತ್ತಿಯ ಮೇಲೆ ಅಂಗೈ ಸವರುತ್ತಾನೆ. ಬೆರಳಗಲ ಹೋಗುತ್ತದೆ. ನೋವಿಲ್ಲ, ಸ್ವಲ್ಪ ಹೊತ್ತು ಕಿವಿ ಗುಂಯ್ ಎನ್ನುತ್ತದೆ, ಅಷ್ಟೆ. ಒಬ್ಬೊಬ್ಬ ಆಟಗಾರನಿಗೂ ಅವನ ಮನೆಯವರು, ಅವನ ಕೇರಿಯವರು ಕೊಡಬೇಕು. ಹತ್ತು ಮಂದಿ ಕೊಟ್ಟರೆ ಆಟಗಾರನಿಗೆ ಏರುವುದು ಒಬ್ಬರದಷ್ಟು ಮಾತ್ರ. ಉಳಿದದ್ದು ಎಲ್ಲಿ ಹೋಗುತ್ತದೆಂದು ಕೇಳಿದವರಿಲ್ಲ, ಕೇಳಿದ್ದರೆ ಹೇಳುವವರೂ ಇರಲಿಲ್ಲ. ಕಪ್ ಗೆದ್ದ ವರ್ಷ ಮಾತ್ರ ಕೊಟ್ಟದ್ದು ವಾಪಸ್ಸಿಲ್ಲ ಎಂಬುದೊಂದು ನಿಯಮ. ಅದು ಎಲ್ಲರಿಗೂ ಗೊತ್ತಿತ್ತು, ಯಾರಿಗೂ ಚಿಂತೆಯಿರಲಿಲ್ಲ. ನಮ್ಮ ತಂಡಕ್ಕೆ ಕಪ್ ಬರುವುದೂ ಮೊಲಕ್ಕೆ ಕೊಂಬು ಮೂಡುವುದೂ ಒಂದೇ ಎಂದು ನಮ್ಮ ಅಜ್ಜಂದಿರ ಕಾಲದಿಂದ ನಂಬಿಕೊಂಡು ಬಂದಿದ್ದೆವು.

ನನ್ನ ಗಂಡ ಹೊರಗಿನವನು. ಮದುವೆಯಾದ ಮೇಲೆ ಬಂದ ಮೊದಲ ಲೀಗಿನಲ್ಲಿ ನಾಚಿಕೆಗೆ ಬಿದ್ದು ಸಾಲಿನಲ್ಲಿ ನಿಂತು ಕೊಟ್ಟ. ಆರು ವರ್ಷ ಹೇಗೋ ಸಹಿಸಿಕೊಂಡ. ಒಂದು ದಿನ ಕನ್ನಡಿಯ ಮುಂದೆ ನಿಂತವನಿಗೆ ಹಣೆಯ ಅರ್ಧ ಮಾತ್ರ ಕಂಡಿತು. ಕನ್ನಡಿ ಇಳಿಸಿಕೊಡುತ್ತೇನೆ ಇರಿ ಎಂದರೂ ಕೇಳದೆ ಬಸ್ಸು ಹತ್ತಿದವನು ಮತ್ತೆ ಬರಲಿಲ್ಲ. ಆ ವರ್ಷವೂ ತಂಡ ಸೋತಿದ್ದರಿಂದ ಎಲ್ಲಿದ್ದರೂ ಅವನ ಎತ್ತರ ಅವನಿಗೆ ಸೇರಿರುತ್ತದೆ ಎಂದು ಕೇರಿಯವರು ನನಗೆ ಸಮಾಧಾನ ಹೇಳಿದರು. ಗಂಡ ಹೋದವಳಿಗೆ ಹೇಳುವ ಸಮಾಧಾನ ನೋಡಿ.

ಹಾಗಾಗಿ ಮನೆಯಲ್ಲಿ ಉಳಿದವರು ನಾನು, ನನ್ನ ಮಗಳು ಚಂಪಾ. ಮತ್ತೆ ವಾರಕ್ಕೊಮ್ಮೆ ಊಟಕ್ಕೆ ಬರುವ ನನ್ನ ತಮ್ಮ ಕೆಂಪರಾಜ. ಅವನು ತಂಡದ ಆಟಗಾರ, ಸಂಬಳಕ್ಕೆ ಆಡುವವನು, ಕ್ಲಬ್ಬಿನ ಹಾಸ್ಟೆಲ್ಲಿನಲ್ಲೇ ವಾಸ. ಹದಿನಾಲ್ಕು ವರ್ಷ ಆಡಿ ಮಂಡಿ ಸವೆಸಿಕೊಂಡಿದ್ದ. ಓಟ ಚೆನ್ನಾಗಿತ್ತು, ಕೈ ಚೆನ್ನಾಗಿತ್ತು, ಎದುರಾಳಿ ತಪ್ಪು ಮಾಡಿದಾಗ ಗೆರೆಯಲ್ಲಿ ಒಬ್ಬನೇ ನಿಂತು ಎಸೆಯುವ ಫ್ರೀ ಥ್ರೋ ಒಂದು ಮಾತ್ರ ಅವನ ಹಣೆಯಲ್ಲಿ ಬರೆದಿರಲಿಲ್ಲ. ಎಲ್ಲರೂ ಸುಮ್ಮನೆ ನಿಂತು ತನ್ನನ್ನೇ ನೋಡುತ್ತಿದ್ದಾರೆ ಎಂದ ಕೂಡಲೇ ಅವನ ಬಲ ಮೊಣಕೈ ಕೋಳಿಯ ರೆಕ್ಕೆಯ ಹಾಗೆ ಹೊರಕ್ಕೆ ಹೋಗುತ್ತಿತ್ತು, ಬಾಲು ರಿಂಗಿನ ಅಂಚಿಗೆ ಬಡಿದು ಹಾರುತ್ತಿತ್ತು.

ನಮ್ಮ ಹಿತ್ತಿಲಲ್ಲಿ ಅವನೇ ನೆಟ್ಟ ಕಂಬ, ಅವನೇ ಕಟ್ಟಿದ ರಿಂಗು ಇದೆ. ಚಂಪಾ ಮೂರನೇ ಕ್ಲಾಸಿನಲ್ಲಿದ್ದಾಗಿನಿಂದ ಅದರ ಕೆಳಗೆ ನಿಂತು ಅವನು ಎಸೆದ ಬಾಲು ಹೆಕ್ಕಿ ಕೊಡುತ್ತಿದ್ದಳು. ಅವನ ಮೊಣಕೈಯ ಕಾಯಿಲೆ ಮೊದಲು ಕಂಡುಹಿಡಿದವಳೂ ಅವಳೇ. ಅವನು ಎಸೆಯಲು ಕೈ ಎತ್ತಿದ ಕೂಡಲೇ, "ಮೊಣಕೈ, ಮಾವ," ಎನ್ನುತ್ತಿದ್ದಳು. ಮೊಣಕೈ ಒಳಕ್ಕೆ ಬರುತ್ತಿತ್ತು, ಬಾಲು ರಿಂಗಿನೊಳಕ್ಕೆ ಹೋಗುತ್ತಿತ್ತು. ಹೇಳದಿದ್ದರೆ ಮತ್ತೆ ಅದೇ ಕೋಳಿ ರೆಕ್ಕೆ. ನಾನು ಅಡುಗೆಮನೆಯಲ್ಲಿ ಸೊಪ್ಪು ಸೋಸುತ್ತ ಎಷ್ಟೋ ಸಂಜೆ ಕೇಳಿದ್ದು ಇಷ್ಟೇ, ಮೊಣಕೈ ಮಾವ, ಆಮೇಲೆ ಬಲೆ ಸರಕ್ಕೆಂದ ಸದ್ದು. ತಾನು ಹೇಳುತ್ತಿದ್ದೇನೆಂದು ಅವಳಿಗೂ ಗೊತ್ತಿರುತ್ತಿರಲಿಲ್ಲ, ಕೇಳುತ್ತಿದ್ದೇನೆಂದು ಅವನಿಗೂ ಗೊತ್ತಿರುತ್ತಿರಲಿಲ್ಲ.

ಚಂಪಾ ಬೆಳೆದಳು. ಹದಿನೇಳಕ್ಕೆ ನನಗಿಂತ ಒಂದು ತಲೆ ಎತ್ತರ. ಹೆಣ್ಣಿಗೆ ಇಷ್ಟು ಉದ್ದ ಯಾಕೆ, ಇವಳಿಗೆ ಗಂಡು ಹುಡುಕಲು ತೆಂಗಿನ ಮರ ಹತ್ತಬೇಕು ಎಂದು ಕೇರಿಯವರು ಆಡಿಕೊಂಡರು. ಅವಳಿಗೆ ಅದರಿಂದ ಏನೂ ಆಗಲಿಲ್ಲ, ಏಕೆಂದರೆ ಆ ವರ್ಷ ಕ್ಲಬ್ಬಿನವರು ಹೆಂಗಸರದೂ ಒಂದು ತಂಡ ಕಟ್ಟುತ್ತೇವೆಂದು ಸಾರಿದ್ದರು. ಲೀಗ್ ಮುಗಿದ ಮೇಲೆ ಆಯ್ಕೆ. ಕ್ಲಬ್ಬಿನ ಗೋಡೆಯ ಮೇಲೆ ಸುಣ್ಣದಲ್ಲಿ ಒಂದು ಗೆರೆ ಎಳೆದಿದ್ದರು, ನೆತ್ತಿ ಆ ಗೆರೆ ಮುಟ್ಟದವರು ಬರುವುದೇ ಬೇಡ. ಚಂಪಾ ಹೋಗಿ ನಿಂತರೆ ಗೆರೆ ಅವಳ ತಲೆಯ ಹಿಂದೆ ಮರೆಯಾಗುತ್ತಿತ್ತು. ಹಾಲು ತರಲು ಕಳಿಸಿದರೂ ಆ ಗೋಡೆಯ ಕಡೆಯಿಂದಲೇ ಸುತ್ತಿಕೊಂಡು ಬರುತ್ತಿದ್ದಳು. ನನ್ನ ಮಗಳ ಮುಖದಲ್ಲಿ ಅಷ್ಟು ಸುಖವನ್ನು ನಾನು ಅದಕ್ಕೆ ಮೊದಲು ನೋಡಿರಲಿಲ್ಲ, ಆಮೇಲೂ ನೋಡಿಲ್ಲ.

ಅದೇ ವರ್ಷ ತಂಡಕ್ಕೆ ಹೊಸ ಕೋಚ್ ಬಂದ. ಬಂದವನೇ ಕೆಂಪನನ್ನು ಕರೆದು, ನಿಮ್ಮ ಕೇರಿಯವರು ಸರಿಯಾಗಿ ಕೊಡದಿದ್ದರೆ ಈ ಸಲ ನಿನ್ನನ್ನು ಬಿಡುವುದೇ ಸೈ ಎಂದ. ನಮ್ಮ ಕೇರಿಯವರಿಗೂ ಕೊಟ್ಟು ಕೊಟ್ಟು ಬೇಸರವಾಗಿತ್ತು. ಕೊಟ್ಟೋನು ಕೋಡಂಗಿ ಇಸ್ಕೊಂಡೋನು ಈರಭದ್ರ ಎಂದು ಬಾಗಿಲು ಹಾಕಿಕೊಂಡರು. ಮೊದಲ ಪಂದ್ಯದ ಹಿಂದಿನ ದಿನ ನಮ್ಮ ಕೇರಿಯವರೊಬ್ಬರೂ ಇಲ್ಲದ ಸಾಲಿನ ತುದಿಯಲ್ಲಿ ಹೋಗಿ ನಿಂತವಳು ಚಂಪಾ. ಆಯ್ಕೆ ಇದೆ, ನೀನು ಬೇಡ, ನಾನು ಎರಡು ಸಲ ಕೊಡುತ್ತೇನೆ ಎಂದು ಕೈ ಹಿಡಿದು ಎಳೆದೆ.

"ಈ ತಂಡಕ್ಕೆ ಕೊಡೋದು ಒಂದೇ, ಬ್ಯಾಂಕಲ್ಲಿ ಇಡೋದು ಒಂದೇ ಅಮ್ಮ," ಎಂದು ನಕ್ಕಳು. "ಸೋತೇ ಸೋಲ್ತಾರೆ. ಆಯ್ಕೆ ಹೊತ್ತಿಗೆ ವಾಪಸ್ ಬಂದಿರುತ್ತೆ."

ಅವಳನ್ನು ನೋಡಿ ಕೇರಿಯ ಬಾಗಿಲುಗಳೂ ತೆರೆದವು. ಕೆಂಪ ತಂಡದಲ್ಲಿ ಉಳಿದ.

ಮೊದಲ ಪಂದ್ಯ ಗೆದ್ದರು. ಆಗಾಗ ಒಂದು ಗೆಲ್ಲುವುದಿತ್ತು, ಪಟಾಕಿ ಹೊಡೆದೆವು. ಎರಡನೆಯದನ್ನೂ ಗೆದ್ದರು. ಬಂದರಿನ ತಂಡದವರು ಬಂದರು, ಅವರನ್ನೂ ಸೋಲಿಸಿದರು. ಕೋಟೆಯವರನ್ನು ಅವರ ಊರಿನಲ್ಲೇ ಸೋಲಿಸಿ ಬಂದರು. ಒಂದೊಂದು ಪಂದ್ಯಕ್ಕೂ ಸಾಲು ಉದ್ದವಾಗುತ್ತ ಹೋಯಿತು, ಸಾಲಿನಲ್ಲಿ ನಿಂತವರು ಗಿಡ್ಡವಾಗುತ್ತ ಹೋದರು. ಬಸ್ಸಿನಲ್ಲಿ ಮೇಲಿನ ಕಂಬಿ ಯಾರಿಗೂ ಸಿಗದೆ ಎಲ್ಲರೂ ಸೀಟಿನ ಬೆನ್ನು ಹಿಡಿದು ನಿಲ್ಲುತ್ತಿದ್ದರು. ಶಾಲೆಯಲ್ಲಿ ಮೇಷ್ಟರು ಕರಿಹಲಗೆಯ ಕೆಳಗಿನ ಅರ್ಧದಲ್ಲೇ ಬರೆಯುತ್ತಿದ್ದರು, ಮೇಲಿನ ಅರ್ಧದಲ್ಲಿ ಅವರು ಲೀಗಿಗೆ ಮುಂಚೆ ಬರೆದಿದ್ದ ಗಾದೆ ಹಾಗೇ ಉಳಿದಿತ್ತು. ಒಂದು ಮದುವೆಯಲ್ಲಿ ಪಕ್ಕದೂರಿನ ಹುಡುಗಿಗೆ ನಮ್ಮೂರಿನ ಗಂಡು ಹಾರ ಹಾಕಲು ಮಣೆ ಹತ್ತಬೇಕಾಯಿತು. ಬಡಗಿಗಳು ಬೇರೆ ಕೆಲಸ ಬಿಟ್ಟು ಬರೀ ಸ್ಟೂಲು ಮಾಡಿದರು. ಬಾಗಿಲ ಚಿಲಕ ಇಳಿಸಿಕೊಡಲೇ ಎಂದು ಅವರು ಕೇಳಿದರೆ, ಬೇಡಪ್ಪ, ಇನ್ನೆರಡು ತಿಂಗಳಿಗೆ ಯಾಕೆ ತೂತು ಕೊರೆಯುವುದು ಎನ್ನುತ್ತಿದ್ದರು. ನನ್ನ ಅಂಗಡಿಯಲ್ಲೂ ಅದೇ ಮಾತು. ಮಡಿಚಿದ್ದರ ಮೇಲೆ ಮಡಿಚಿ ಪ್ಯಾಂಟುಗಳ ಕಾಲು ಬುಡದಲ್ಲಿ ದಪ್ಪನೆಯ ಕಡಗ ಹಾಕಿದ ಹಾಗೆ ಆಗಿದ್ದವು. ಕತ್ತರಿಸು ಎಂದು ಮಾತ್ರ ಒಬ್ಬರೂ ಹೇಳಲಿಲ್ಲ.

ಗೆದ್ದಾಗ ಕುಣಿಯುತ್ತಿದ್ದರು, ಮನೆಗೆ ಹೋಗುವಾಗ ಮಾತಾಡುತ್ತಿರಲಿಲ್ಲ. ಅಕ್ಕಿ ಮೇಲೂ ಆಸೆ, ನೆಂಟರ ಮೇಲೂ ಪ್ರೀತಿ. ಕಪ್ಪೂ ಬೇಕು, ಎತ್ತರವೂ ಬೇಕು. ಸೆಮಿಫೈನಲ್ ಗೆದ್ದ ದಿನ ಚಂಪಾ ಆಟದ ಪ್ಯಾಂಟು ಹಾಕಿಕೊಂಡು ಬಂದು ನನ್ನೆದುರು ನಿಂತಳು. ಹೆಂಗಸರ ತಂಡಕ್ಕೆಂದು ಕ್ಲಬ್ಬಿನವರು ಮಾರುತ್ತಿದ್ದ ನೀಲಿ ಟ್ರ್ಯಾಕ್ ಪ್ಯಾಂಟು ಅದು, ಹಟ ಮಾಡಿ ಮೊದಲೇ ಕೊಂಡುಕೊಂಡಿದ್ದಳು. ಪ್ಯಾಂಟಿನ ಕಾಲುಗಳು ನೆಲದ ಮೇಲೆ ಮುದುಡಿ ಬಿದ್ದಿದ್ದವು. ಎದ್ದು ನಿಂತೆ. ಅವಳ ಕಣ್ಣು ನನ್ನ ಕಣ್ಣಿನ ನೇರಕ್ಕಿದ್ದವು, ನಾನೂ ಕುಗ್ಗಿದ್ದೆ, ಅವಳು ಮಾತ್ರ ನನಗೆ ತಿಳಿಯದ ಹಾಗೆ ಎರಡೆರಡು ಸಲ ಸಾಲಿನಲ್ಲಿ ನಿಂತಿದ್ದಳು. ಮಡಿಚಿ ಕೊಟ್ಟೆ. ಊರೆಲ್ಲ ಗೆಲುವಿಗೆ ಹರಕೆ ಹೊತ್ತಿದ್ದರೆ ನಾನು ದೇವರ ಮುಂದೆ ಕೂತು ಸೋಲಿಗೆ ಹರಕೆ ಹೊತ್ತೆ.

ಫೈನಲ್ಲಿಗೆ ಮುಂಚಿನ ಭಾನುವಾರ ಕೆಂಪ ಊಟಕ್ಕೆ ಬಂದ. ಬಾಗಿಲ ಮೇಲಿನ ತೊಲೆ ಅವನ ಹಣೆಗೆ ಬಡಿಯಿತು, ಅದು ಹಾಗೆ ಬಡಿಯುತ್ತಿದ್ದುದು ಎಷ್ಟನೆಯ ಸಲವೋ, ಅಲ್ಲೊಂದು ಗಂಟೇ ಕಟ್ಟಿತ್ತು. ನೆಲದ ಮೇಲೆ ಕೂತರೆ ಮಂಡಿ ಕಿವಿಯ ಹತ್ತಿರ. ಚಂಪಾ ಪಕ್ಕದ ಮನೆಗೆ ಮಜ್ಜಿಗೆ ತರಲು ಹೋಗಿದ್ದಳು. ಮುದ್ದೆಗೆ ಸಾರು ಬಿಟ್ಟು ಅವನ ಎದುರು ಕೂತೆ.

"ಕೆಂಪ, ಫೈನಲ್ಲು ಸೋತುಬಿಡೋ," ಎಂದೆ.

ಅವನ ಕೈ ತಟ್ಟೆಯಲ್ಲೇ ನಿಂತಿತು. ನನ್ನನ್ನು ನೋಡಲಿಲ್ಲ, ಹಿತ್ತಿಲ ಕಡೆ ನೋಡಿದ.

"ಹದಿನಾಲ್ಕು ವರ್ಷ ಆಯ್ತು ಕಣಕ್ಕ. ಒಂದೇ ಒಂದು ಸಲ ಆ ಕಪ್ ಮುಟ್ಟಿ ನೋಡಬೇಕು ಅಂತಿತ್ತು. ಮುಂದಿನ ವರ್ಷಕ್ಕೆ ಈ ಮಂಡಿ ಇರುತ್ತೋ ಇಲ್ವೋ."

ಅವನು ಕೇಳುತ್ತಿದ್ದುದು ಅನ್ಯಾಯದ್ದಲ್ಲ. ನಾನು ಕೇಳಿದ್ದೂ ಅನ್ಯಾಯದ್ದಲ್ಲ. ಮುದ್ದೆ ತಣ್ಣಗಾಗುತ್ತಿತ್ತು. ಆಮೇಲೆ ಅವನೇ, "ಅವಳು ನಂಗಿಂತ ಚೆನ್ನಾಗಿ ಆಡ್ತಾಳೆ. ಅದು ನಿಂಗೆ ಗೊತ್ತಿಲ್ಲ, ನಂಗೆ ಗೊತ್ತು," ಎಂದ. "ಬಿಡ್ತೀನಿ. ಅವಳಿಗೆ ಮಾತ್ರ ಹೇಳಬೇಡ. ಗೊತ್ತಾದ್ರೆ ಬಿಡೋಕೆ ಬಿಡಲ್ಲ ಅವಳು."

ಮಜ್ಜಿಗೆ ತಂದ ಚಂಪಾ, ಇಬ್ಬರೂ ಯಾಕೆ ಹೀಗೆ ಕೂತಿದ್ದೀರಿ, ಉಪ್ಪು ಜಾಸ್ತಿಯಾಯಿತೇ ಎಂದು ಕೇಳಿದಳು. ಜಾಸ್ತಿಯಾಯಿತು ಎಂದ ಕೆಂಪ.

ಫೈನಲ್ ನಮ್ಮೂರಿನಲ್ಲೇ. ಎದುರಿಗೆ ಮತ್ತೆ ಬಂದರಿನವರು. ಎಲ್ಲರೂ ಗಿಡ್ಡವಾಗಿದ್ದರಿಂದ ಮೈದಾನದಲ್ಲಿ ಎಂದಿಗಿಂತ ಹೆಚ್ಚು ಜನ ಹಿಡಿದಿದ್ದರು, ಬೆಂಚಿನ ಮೇಲೆ ನಿಂತು, ಒಬ್ಬರ ಹೆಗಲ ಮೇಲೊಬ್ಬರು ಕೂತು ನೋಡಿದರು. ಆಟಗಾರರ ಮನೆಯವರಿಗೆ ಮುಂದಿನ ಸಾಲು ಬಿಟ್ಟಿದ್ದರಿಂದ ನಾವಿಬ್ಬರೂ ಅಂಕಣದ ಪಕ್ಕದಲ್ಲೇ ಇದ್ದೆವು. ಕೆಂಪ ಮಾತಿಗೆ ತಪ್ಪಲಿಲ್ಲ. ಕೊಡಬೇಕಾದಲ್ಲಿ ಬಾಲು ಕೊಡುತ್ತಿರಲಿಲ್ಲ, ಓಡಬೇಕಾದಲ್ಲಿ ಒಂದು ಹೆಜ್ಜೆ ತಡವಾಗಿ ಓಡುತ್ತಿದ್ದ. ಮಂಡಿ ನೋಯುತ್ತಿದೆ ಪಾಪ ಎಂದು ನಮ್ಮ ಹಿಂದಿನವರು ಅಂದುಕೊಂಡರು. ಮಾವನಿಗೆ ಇವತ್ತು ಏನೋ ಆಗಿದೆ ಎಂದು ಚಂಪಾ ಉಗುರು ಕಚ್ಚುತ್ತಿದ್ದಳು. ಆದರೆ ಉಳಿದ ನಾಲ್ವರು ಮೈಮೇಲೆ ದೇವರು ಬಂದ ಹಾಗೆ ಆಡುತ್ತಿದ್ದರು. ಅವನು ಕಳೆದದ್ದನ್ನೆಲ್ಲ ಅವರು ದುಡಿದು ತುಂಬಿದರು.

ಕೊನೆಯ ಗಳಿಗೆಗೆ ನಾವು ಒಂದೇ ಒಂದು ಅಂಕ ಹಿಂದೆ. ಆಟ ಮುಗಿಯಿತು ಎನ್ನುವಾಗ ಬಂದರಿನ ಒಬ್ಬ ದಾಂಡಿಗ ಕೆಂಪನನ್ನು ಗುದ್ದಿ ಕೆಡವಿದ. ರೆಫರಿ ಸೀಟಿ ಊದಿ ಎರಡು ಬೆರಳು ತೋರಿಸಿದ. ಎರಡು ಫ್ರೀ ಥ್ರೋ, ಅಷ್ಟಾದರೆ ಆಟ ಮುಗಿದ ಹಾಗೆ. ಆ ಲೀಗಿನಲ್ಲಿ ಹೆಚ್ಚುವರಿ ಆಟವೆಂಬುದಿಲ್ಲ, ಅಂಕ ಸಮವಾದರೆ ವರ್ಷವಿಡೀ ಹೆಚ್ಚು ಗೆದ್ದವರಿಗೆ ಕಪ್, ಎಂದರೆ ನಮಗೆ. ಎರಡರಲ್ಲಿ ಒಂದು ಬಿದ್ದರೂ ಸಾಕು. ಎರಡೂ ತಪ್ಪಬೇಕು. ಇಡೀ ಊರಿನಲ್ಲಿ ಸೋಲಲಿ ಎಂದು ಹರಕೆ ಹೊತ್ತವಳು ನಾನೊಬ್ಬಳೇ. ಒಳಗೊಳಗೇ ಬೇಡುತ್ತಿದ್ದವರು ಎಷ್ಟು ಮಂದಿಯೋ ತಿಳಿಯದು.

ಮೊದಲನೆಯದನ್ನು ಎಸೆದ. ಮೊಣಕೈ ತಾನಾಗಿ ಹೋಯಿತೋ ಅವನೇ ಬಿಟ್ಟನೋ, ಹೊರಕ್ಕೆ ಹೋಯಿತು. ಬಾಲು ರಿಂಗಿಗೆ ಬಡಿದು ಆಚೆ ಹಾರಿತು. ಊರು ನರಳಿತು. ನನಗೆ ಉಸಿರು ಬಂತು. ಇನ್ನೊಂದು, ಸ್ವಾಮಿ, ಇನ್ನೊಂದೇ ಒಂದು ಎಂದುಕೊಂಡೆ. ರೆಫರಿ ಮತ್ತೆ ಬಾಲು ಕೊಟ್ಟ. ಯಾರೂ ಕೆಮ್ಮಲಿಲ್ಲ. ಯಾರದೋ ಹೆಗಲ ಮೇಲಿದ್ದ ಕೂಸು ಕೂಡ ಸುಮ್ಮನಾಯಿತು. ಕೆಂಪ ಬಾಲನ್ನು ನೆಲಕ್ಕೆ ಬಡಿದ, ಹಿಡಿದ, ಕೈ ಎತ್ತಿದ.

"ಮೊಣಕೈ, ಮಾವ," ಎಂದಳು ಚಂಪಾ.

ಕೂಗಲಿಲ್ಲ. ಹಿತ್ತಿಲಲ್ಲಿ ಹೇಳುತ್ತಿದ್ದ ಹಾಗೆಯೇ ಹೇಳಿದಳು. ನಾನು ಅವಳ ಬಾಯಿ ಮುಚ್ಚಲು ಕೈ ಎತ್ತಿದೆ, ಅಷ್ಟರಲ್ಲಿ ಮಾತು ಹೋಗಿಯಾಗಿತ್ತು. ಕೆಂಪನ ಮೊಣಕೈ ಒಳಕ್ಕೆ ಬಂತು. ಅವನ ಮುಖ ಬೇಡ ಬೇಡ ಎನ್ನುತ್ತಿದ್ದುದನ್ನು ನಾನು ಕಂಡೆ, ಆದರೆ ಇಷ್ಟು ವರ್ಷ ಆ ದನಿಗೆ ಪಳಗಿದ ಕೈ ಮುಖದ ಮಾತು ಕೇಳಲಿಲ್ಲ. ಬಾಲು ರಿಂಗನ್ನು ಮುಟ್ಟದೆ ಬಲೆಯೊಳಕ್ಕೆ ಇಳಿಯಿತು. ಅಷ್ಟು ನಿಶ್ಶಬ್ದದಲ್ಲಿ ಬಲೆ ಸರಕ್ಕೆಂದದ್ದು ನಮ್ಮ ಸಾಲಿಗೆಲ್ಲ ಕೇಳಿಸಿತು.

ಆಮೇಲಿನ ಗದ್ದಲವನ್ನು ನಾನೇನು ಹೇಳಲಿ. ಚಂಪಾ ನನ್ನನ್ನು ತಬ್ಬಿಕೊಂಡು, ಮಾವನಿಗೆ ಕೇಳಿಸಿತು ಅಮ್ಮ, ಕೇಳಿಸಿತು ಎಂದು ಕುಣಿಯುತ್ತಿದ್ದಳು. ಕೆಂಪ ಎಸೆದ ಗೆರೆಯ ಹತ್ತಿರವೇ ನಿಂತು ತನ್ನ ಬಲಗೈಯನ್ನು ಯಾರದೋ ಕೈ ನೋಡುವ ಹಾಗೆ ನೋಡುತ್ತಿದ್ದ. ಅವನನ್ನು ಎತ್ತಿಕೊಳ್ಳಲು ಬಂದವರು ಅವನ ಸೊಂಟಕ್ಕಿಂತ ಮೇಲೆ ಬರಲಿಲ್ಲ. ಕಪ್ ಅವನ ಕೈಗೆ ಬಂದಾಗ ಅವನು ಅದನ್ನು ಹಿಡಿದು ನಿಂತ, ಅಷ್ಟೆ. ಮನೆಗೆ ಬರುವ ದಾರಿಯಲ್ಲಿ ಕ್ಲಬ್ಬಿನ ಗೋಡೆ ಸಿಕ್ಕಿತು. ಗೆರೆಯನ್ನು ನೋಡಿ ಚಂಪಾಳ ಹೆಜ್ಜೆ ನಿಂತಿತು.

ಗೆದ್ದರೆ ವಾಪಸ್ ಬರುವುದಿಲ್ಲವೆಂದು ನಿನಗೆ ಗೊತ್ತಿತ್ತಲ್ಲವೇ ಎಂದು ಕೇಳಿದೆ. ಕೇಳಬಾರದಿತ್ತು.

"ಗೊತ್ತಿತ್ತು," ಎಂದಳು. "ಬಾಲು ಹಂಗೆ ತಪ್ಪಾಗಿ ಹೋಗೋದನ್ನ ನೋಡೋಕಾಗಲ್ಲ ಅಮ್ಮ."

ಲೀಗ್ ಮುಗಿದ ಮೇಲೆ ಬರುವ ಅಮಾವಾಸ್ಯೆಯ ಮಾರನೆಯ ದಿನ ನಮ್ಮಲ್ಲಿ ವಾಪಸ್ ಕೊಡುವ ದಿನ. ಜನ ಮತ್ತೆ ಕ್ಲಬ್ಬಿನ ಮುಂದೆ ಸಾಲು ನಿಲ್ಲುತ್ತಾರೆ, ತೊರೆಯಪ್ಪ ಗದ್ದದ ಕೆಳಗೆ ಅಂಗೈ ಇಟ್ಟು ಮೆಲ್ಲಗೆ ಮೇಲೆತ್ತುತ್ತಾನೆ. ಊರಲ್ಲಿಲ್ಲದವರಿಗೆ ಅದು ಅವರಿದ್ದಲ್ಲೇ ಸೇರುತ್ತದೆ ಎಂಬ ಮಾತಿದೆ. ಆ ವರ್ಷವೂ ಬೆಳಿಗ್ಗೆ ಎದ್ದು ಸ್ನಾನ ಮಾಡಿ ಊರಿಗೆ ಊರೇ ಬಂದು ನಿಂತಿತು. ಯಾರೂ ಕರೆದಿರಲಿಲ್ಲ, ಯಾರಿಗೂ ನಂಬಿಕೆಯೂ ಇರಲಿಲ್ಲ. ತೊರೆಯಪ್ಪ ಬಾಗಿಲು ತೆರೆದು ನಮ್ಮನ್ನೆಲ್ಲ ನೋಡಿ ಮೆಟ್ಟಿಲ ಮೇಲೆ ಕೂತ. ಬಿಸಿಲು ಏರಿತು. ಒಬ್ಬೊಬ್ಬರಾಗಿ ಮನೆಗೆ ಹೋದರು.

ಅಂದೇ ಮಧ್ಯಾಹ್ನ, ನಾನಿನ್ನೂ ಅಲ್ಲೇ ಇದ್ದಾಗ, ಕೆಂಪ ಬಂದ. ಮಣ್ಣಿನಲ್ಲಿ ಮಂಡಿಯೂರಿ, ತೊರೆಯಪ್ಪನ ಕೈ ಎಟುಕುವ ಹಾಗೆ ತಲೆ ಬಗ್ಗಿಸಿ, ನನ್ನದನ್ನು ತೆಗೆದು ಚಂಪಾಳಿಗೆ ಕೊಡು ಎಂದ. ತೊರೆಯಪ್ಪ ಸವರಿದ. ಮತ್ತೆ ಸವರಿದ. ಕೆಂಪನ ಕೂದಲು ಕೆದರಿತೇ ಹೊರತು ಬೇರೇನೂ ಆಗಲಿಲ್ಲ. "ಕಪ್ ಬಂದ ಮೇಲೆ ಇದು ನಿನ್ನ ಮೂಳೆ ಆಗೋಯ್ತು ಕಣಪ್ಪ, ನನ್ನ ಕೈಗೆ ಬರಲ್ಲ," ಎಂದು ಅವನು ಕೈ ಒರೆಸಿಕೊಂಡ. ನನ್ನ ತಮ್ಮ ಆ ಮಣ್ಣಿನಲ್ಲೇ ಮಗುವಿನ ಹಾಗೆ ಅತ್ತ. ಸಮಾಧಾನ ಮಾಡಲು ಹೋದರೆ ಅವನ ಹೆಗಲೂ ನನ್ನ ಹೆಗಲೂ ಒಂದೇ ಮಟ್ಟದಲ್ಲಿದ್ದವು, ಅವನು ಮಂಡಿಯೂರಿದ್ದ, ನಾನು ನಿಂತಿದ್ದೆ.

ಆಮೇಲೆ ಬಡಗಿಗಳು ಚಿಲಕ ಇಳಿಸಿದರು, ಕನ್ನಡಿ ಇಳಿಸಿದರು, ಒಲೆಯ ಕಟ್ಟೆ ಒಡೆದು ತಗ್ಗಿಸಿದರು. ನನ್ನ ಅಂಗಡಿಗೂ ಜನ ಬಂದರು. ಮೊದಲು ಬಂದವರು ಶಾಲೆಯ ಮೇಷ್ಟರು. ಮಡಿಚಲೇ ಎಂದು ಕೇಳಿದೆ, ರೂಢಿ. ಕತ್ತರಿಸಿಬಿಡಿ ದೇವೀರಮ್ಮ ಎಂದವರು ಬೀದಿಯ ಕಡೆ ತಿರುಗಿ ನಿಂತರು. ಮಡಿಚುವ ಹೊಲಿಗೆಯಲ್ಲೇ ಬದುಕಿದ ನನ್ನ ಕತ್ತರಿ ಮೊಂಡಾಗಿತ್ತು, ಸಾಣೆ ಹಿಡಿಸಿಕೊಂಡು ಬಂದೆ. ಬೆಳಿಗ್ಗೆಯಿಂದ ಸಂಜೆವರೆಗೆ ಕತ್ತರಿಸಿದೆ. ಕಾಲ ಬುಡದಲ್ಲಿ ಎಲ್ಲ ಬಣ್ಣದ ಪಟ್ಟಿಗಳು ಬಿದ್ದವು. ಅವನ್ನು ಏನು ಮಾಡಬೇಕೆಂದು ತಿಳಿಯದೆ ಮೂಟೆ ಕಟ್ಟಿ ಅಟ್ಟಕ್ಕೆ ಹಾಕಿದೆ.

ಚಂಪಾ ಆಯ್ಕೆಗೆ ಹೋದಳು. ಬೇಡವೆಂದರೂ ಹೋದಳು, ನಾನೂ ಜೊತೆಗೆ ಹೋದೆ. ಗೆರೆ ಅವಳ ನೆತ್ತಿಗಿಂತ ಗೇಣು ಮೇಲಿತ್ತು. ತಂಡ ಆರಿಸಲು ಹೊರಗಿನಿಂದ ಬಂದಿದ್ದ ಹೆಂಗಸೊಬ್ಬರು, ಬಂದಿದ್ದೀಯಲ್ಲ, ಎಸೆದು ತೋರಿಸು ಎಂದರು. ಎಸೆದಳು. ಒಂದೂ ತಪ್ಪಲಿಲ್ಲ. ಮೂಲೆಯಿಂದ ಎಸೆದಳು, ನಡುಗೆರೆಯಿಂದ ಎಸೆದಳು, ಬೆನ್ನು ತಿರುಗಿಸಿ ಎಸೆದಳು. ಅಲ್ಲಿದ್ದವರೆಲ್ಲ ಚಪ್ಪಾಳೆ ತಟ್ಟಿದರು. ಆ ಹೆಂಗಸು ಎದ್ದು ಬಂದು ಅವಳ ಬೆನ್ನು ಸವರಿ, ಅಯ್ಯೋ ಮಗಳೇ ಎಂದು ಇನ್ನೊಬ್ಬಳ ಹೆಸರು ಕರೆದರು. ಪಕ್ಕದೂರಿನಿಂದ ಬಂದ ಎತ್ತರದ ಹುಡುಗಿಯರನ್ನು ಆರಿಸಿಕೊಂಡರು. ಚಂಪಾ ಅಲ್ಲೂ ಅಳಲಿಲ್ಲ, ಮನೆಯಲ್ಲೂ ಅಳಲಿಲ್ಲ. ಹಿತ್ತಿಲಿಗೆ ಹೋಗುವುದನ್ನು ಬಿಟ್ಟಳು. ರಿಂಗಿನ ಬಲೆಯಲ್ಲಿ ಗುಬ್ಬಿ ಗೂಡು ಕಟ್ಟಿತು.

ಮತ್ತೆ ಲೀಗ್ ಶುರುವಾಗುವ ಕಾಲ ಬಂತು. ಕಪ್ ಗೆದ್ದ ಆಟಗಾರನೆಂದು, ಆ ಎತ್ತರಕ್ಕೆಂದು, ಮಂಡಿ ಹೇಗಿದ್ದರೂ ಕೆಂಪನನ್ನು ಇನ್ನೂ ಎರಡು ವರ್ಷಕ್ಕೆ ಇಟ್ಟುಕೊಂಡಿದ್ದರು. ಒಂದು ಬೆಳಿಗ್ಗೆ ಅವನು ಅಂಗಡಿಯ ಮುಂದೆ ನಿಂತಿದ್ದ. ತಂಡದ ನೀಲಿ ಪ್ಯಾಂಟು ಅವನ ಮೀನಖಂಡದವರೆಗೆ ಮಾತ್ರ ಬರುತ್ತಿತ್ತು, ಒಳಗಿನ ಅಂಚನ್ನೆಲ್ಲ ನಾನು ಮೊದಲೇ ಬಿಚ್ಚಿ ಮುಗಿಸಿದ್ದೆ, ಬಿಚ್ಚಲು ಇನ್ನೇನೂ ಉಳಿದಿರಲಿಲ್ಲ. ಏನಾದರೂ ಕೂಡಿಸುವುದಕ್ಕಾಗುತ್ತದೆಯೇ ಅಕ್ಕ ಎಂದು ನೆಲ ನೋಡುತ್ತ ಕೇಳಿದ. ಆ ನೀಲಿ ಬಟ್ಟೆ ಅಂಗಡಿಯಲ್ಲಿ ಸಿಗುವುದಿಲ್ಲವಪ್ಪ, ಬಣ್ಣ ಕೂಡುವುದಿಲ್ಲ ಎಂದೆ.

ಒಳಗಿನಿಂದ ಚಂಪಾ ಬಂದಳು. ಕೈಯಲ್ಲಿ ಅವಳ ಟ್ರ್ಯಾಕ್ ಪ್ಯಾಂಟು. ನಾನು ದೂರದೂರ ಹಾಕಿದ್ದ ಹೊಲಿಗೆ ಅದರಲ್ಲಿ ಹಾಗೇ ಇತ್ತು, ಅದೊಂದನ್ನು ನಾನು ಕತ್ತರಿಸದೆ ಯಾರಿಗೂ ಕಾಣದ ಹಾಗೆ ಪೆಟ್ಟಿಗೆಯ ತಳದಲ್ಲಿ ಇಟ್ಟಿದ್ದೆ. ಅವಳು ಮಾವನ ಮುಖ ನೋಡಲು ತಲೆ ಎತ್ತಲಿಲ್ಲ, ಪ್ಯಾಂಟಿನ ಕೆಳಗೆ ಬರಿದಾಗಿದ್ದ ಅವನ ಕಾಲನ್ನು ನೋಡಿದಳು. ಪ್ಯಾಂಟನ್ನು ನನ್ನ ಮಿಷನ್ನಿನ ಮೇಲೆ ಹರಡಿದಳು.

"ಮಡಿಚಿರೋದನ್ನ ಕತ್ತರಿಸಿ ಮಾವನದಕ್ಕೆ ಕೂಡಿಸು ಅಮ್ಮ. ಬಣ್ಣ ಒಂದೇ."

ಕೆಂಪ ಬೀದಿಯ ಕಡೆ ತಿರುಗಿ ನಿಂತ. ನಾನು ಕತ್ತರಿ ಎತ್ತಿಕೊಂಡೆ. ನಾಳೆ ಮೊದಲ ಪಂದ್ಯ, ಅವನಿಗೆ ಪ್ಯಾಂಟು ಬೇಕಿತ್ತು. ಒಂದು ಕಾಲು ಕತ್ತರಿಸಿದೆ, ಇನ್ನೊಂದು ಕಾಲು ಕತ್ತರಿಸಿದೆ. ಎರಡು ಪಟ್ಟಿಗಳನ್ನೂ ಅವನ ಪ್ಯಾಂಟಿಗೆ ಒತ್ತೊತ್ತಾಗಿ, ಎಷ್ಟು ಎಳೆದರೂ ಬಿಚ್ಚಿಕೊಳ್ಳದ ಹಾಗೆ ಹೊಲಿದು ಕೊಟ್ಟೆ. ಜೋಡಿಸಿದ್ದು ಎಲ್ಲಿ ಎಂದು ಯಾರಿಗೂ ತಿಳಿಯುವುದಿಲ್ಲ. ಅವನು ಅಂಕಣದಲ್ಲಿ ಓಡುವಾಗ ಊರೆಲ್ಲ ಅವನ ತಲೆಯ ಕಡೆ ನೋಡುತ್ತದೆ, ನಾನು ಅವನ ಕಾಲ ಬುಡವನ್ನೇ ನೋಡುತ್ತಿರುತ್ತೇನೆ.